ಕೋರ್ಟಿನ ಮೀಡಿಯೇಶನ್: ನನ್ನ ಕಡೆಯಿಂದ ಐದಕ್ಕೆ ನಾಲ್ಕು

ಅಕ್ಕ ಸಕಲೇಶಪುರದ ಕಡೆಗೆ ಮದುವೆಯಾಗಿ ಹೋದವಳು. ಎರಡು ವರ್ಷದಿಂದ ಹಾಸನದಲ್ಲಿ ನಮ್ಮ ಮನೆಯಲ್ಲೇ ಇದ್ದಳು. ವಿಚ್ಛೇದನದ ಅರ್ಜಿ, ಜೀವನಾಂಶದ ಅರ್ಜಿ, ಅದರ ಮೇಲೊಂದು ಪೊಲೀಸ್ ಕೇಸು. ಜಡ್ಜ್ ಮೀಡಿಯೇಶನ್‌ಗೆ, ಅಂದರೆ ಮಧ್ಯಸ್ಥರ ಮುಂದೆ ಕೂತು ರಾಜಿ ಮಾತಾಡೋಕೆ, ಕಳಿಸಿದಾಗ ನಮ್ಮ ವಕೀಲರು 'ಅಲ್ಲಿ ಏನೂ ಆಗಲ್ಲ, ಸುಮ್ನೆ ಟೈಮ್ ವೇಸ್ಟ್' ಅಂದರು. ನಾವೂ ನಂಬಿದೆವು. ಊರಲ್ಲಿ ಮೂರು ಸಲ ಪಂಚಾಯ್ತಿ ಸೇರಿ, ಮೂರು ಸಲವೂ ಕಾಫಿ ಕುಡಿದು ಜಗಳವಾಡಿಕೊಂಡು ಎದ್ದಿದ್ದರಲ್ಲ, ಇದೂ ಅದೇ ತರ ಇರುತ್ತೆ ಅಂದುಕೊಂಡಿದ್ದೆವು.

ಹಾಗಿರಲಿಲ್ಲ. ಮೀಡಿಯೇಟರ್ ಮೇಡಂ ಮೊದಲು ಅಕ್ಕ, ಭಾವ ಇಬ್ಬರನ್ನೂ ಒಟ್ಟಿಗೆ ಕೂರಿಸಿದರು, ಆಮೇಲೆ ಒಬ್ಬೊಬ್ಬರನ್ನೇ ಒಳಗೆ ಕರೆದು ಮಾತಾಡಿಸಿದರು. ನಾನು, ಅಪ್ಪ, ಭಾವನ ಅಣ್ಣ ಎಲ್ಲರೂ ಹೊರಗೇ. ಅಲ್ಲಿ ಆಡಿದ ಮಾತನ್ನು ಆಮೇಲೆ ಕೋರ್ಟಿನಲ್ಲಿ ಸಾಕ್ಷಿಯಾಗಿ ಬಳಸುವ ಹಾಗಿಲ್ಲ. ಅದು ಗೊತ್ತಾದ ಮೇಲೇ ಅಕ್ಕ ಬಾಯಿ ಬಿಟ್ಟಿದ್ದು. ಫೀಸು ಅಂತ ನಮ್ಮಿಂದ ಒಂದು ರೂಪಾಯಿ ತಗೊಂಡಿಲ್ಲ.

ಒಟ್ಟು ಐದು ಸಲ ಕೂತರು. ದುಡ್ಡಿನ ಮಾತು ಎರಡು ಸಲದಲ್ಲಿ ಮುಗಿಯಿತು, ಸಾಮಾನಿನ ಪಟ್ಟಿಗೆ ಮೂರು ಸಲ ಹಿಡಿಯಿತು! ಮದುವೆಯಲ್ಲಿ ಕೊಟ್ಟ ಬೀರು, ತಾಮ್ರದ ಹಂಡೆ, ಗ್ರೈಂಡರ್, ಒಡವೆ. ನಮಗೆ ನಾಚಿಕೆಯಾಗುತ್ತಿತ್ತು, ಆದರೆ ಮೇಡಂ ಬೇಜಾರು ಮಾಡಿಕೊಳ್ಳದೆ 'ಬೀರು ಕೊಡ್ತೀರಿ ಸರಿ, ಕೀ ಯಾರ ಹತ್ತಿರ ಇದೆ?' ಅಂತ ಕೇಳಿ ಅದನ್ನೂ ಬರೆಸಿದರು. ಯಾವ ತಾರೀಕಿಗೆ ಎಷ್ಟು ಕಂತು, ಡಿ.ಡಿ. ಯಾರ ಹೆಸರಿಗೆ, ಕೊನೆಯ ಕಂತು ಯಾವಾಗ, ಎಲ್ಲವೂ ರಾಜಿ ಪತ್ರದಲ್ಲಿ ಬಂತು. ಅದನ್ನು ಕೋರ್ಟ್ ಒಪ್ಪಿ ಡಿಕ್ರಿಗೆ, ಅಂದರೆ ತನ್ನ ತೀರ್ಪಿನ ಆದೇಶಕ್ಕೆ, ಸೇರಿಸಿತು. ಇನ್ನು ಯಾರಾದರೂ ಮಾತು ತಪ್ಪಿದರೆ ಮತ್ತೆ ಪಂಚಾಯ್ತಿ ಬೇಡ, ನೇರವಾಗಿ ಜಾರಿಗೆ ಅರ್ಜಿ ಹಾಕಬಹುದು.

ವಿಚ್ಛೇದನವನ್ನು ಪರಸ್ಪರ ಒಪ್ಪಿಗೆಯದಕ್ಕೆ ಬದಲಾಯಿಸಿಕೊಂಡೆವು. ಹಿಂದೂ ವಿವಾಹ ಕಾಯ್ದೆಯ 13ಬಿ ಸೆಕ್ಷನ್ ಪ್ರಕಾರ ಅರ್ಜಿ ಹಾಕಿ ಆರು ತಿಂಗಳು ಕಾಯಬೇಕು. ಆದರೆ ಒಂದೂವರೆ ವರ್ಷ ಬೇರೆ ಇದ್ದು, ಕೂಡಿಸುವ ಪ್ರಯತ್ನ ಮುಗಿದು, ಜೀವನಾಂಶ, ಮಕ್ಕಳ ವಿಷಯ ಎಲ್ಲ ಇತ್ಯರ್ಥವಾಗಿದ್ದರೆ ಆ ಅವಧಿಯನ್ನು ಜಡ್ಜ್ ಮನ್ನಾ ಮಾಡಬಹುದು ಅಂತ 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ನಮಗೆ ಮನ್ನಾ ಆಯಿತು. ಇದನ್ನೂ ನಮ್ಮ ವಕೀಲರು ಹೇಳಿರಲಿಲ್ಲ, ಮೇಡಂ ಹೇಳಿದ್ದು.

ಹಾಗಾದರೆ ಒಂದು ಸ್ಟಾರ್ ಯಾಕೆ ಕಮ್ಮಿ? ಪೊಲೀಸ್ ಕೇಸಿಗೆ. ವರದಕ್ಷಿಣೆ ಕಿರುಕುಳದ ಕೇಸನ್ನು ಇಬ್ಬರೂ ರಾಜಿಯಾದರೂ ಇಲ್ಲೇ ವಾಪಸ್ ತಗೊಳ್ಳೋಕೆ ಆಗಲ್ಲ, ರದ್ದು ಮಾಡಿಸಲು ಹೈಕೋರ್ಟಿಗೇ ಹೋಗಬೇಕು. ಮತ್ತೆ ಬೆಂಗಳೂರು, ಮತ್ತೆ ಬೇರೆ ವಕೀಲರು, ಬೇರೆ ಫೀಸು. ಕೊನೆಯ ಕಂತನ್ನು ಆ ಕೇಸು ರದ್ದಾಗುವ ದಿನಕ್ಕೆ ಇಟ್ಟುಕೊಂಡಿದ್ದರಿಂದ ಭಾವನ ಕಡೆಯವರೇ ಓಡಾಡಿ ಬೇಗ ಮುಗಿಸಿದರು, ಅದು ಬೇರೆ ಮಾತು.

ಹೋಗುವವರು ಸಾಮಾನಿನ ಪಟ್ಟಿ ಮನೆಯಲ್ಲೇ ಬರೆದುಕೊಂಡು ಹೋಗಿ. ನಾವು ಗ್ರೈಂಡರ್ ಬರೆಸಿದ್ದೆವು, ಕಲ್ಲು ಬರೆಸಿರಲಿಲ್ಲ. ಪಿಕಪ್‌ನಲ್ಲಿ ಗ್ರೈಂಡರ್ ಬಂತು, ಕಲ್ಲು ಇನ್ನೂ ಸಕಲೇಶಪುರದಲ್ಲೇ ಇದೆ.