ಡ್ರಾಯರ್ ಹ್ಯಾಂಡಲ್‌ಗೆ ತೂತು: ಅಳತೆ ಟೇಪು, ರಟ್ಟು, ಜಿಗ್

ಮನೆಯ 11 ಡ್ರಾಯರ್‌ಗಳಿಗೆ ನಾನೇ ಹ್ಯಾಂಡಲ್ ಹಾಕಿದೆ. ಎರಡು ಸ್ಕ್ರೂ ಹಿಡಿಯುವ ಉದ್ದನೆ ಹ್ಯಾಂಡಲ್, ತೂತಿನಿಂದ ತೂತಿಗೆ 128 ಮಿ.ಮೀ. ಸ್ಕ್ರೂ ತಿರುಗಿಸುವುದು ಕಷ್ಟವಲ್ಲ. ಗುರುತು ಹಾಕುವುದೇ ನಿಜವಾದ ಕೆಲಸ. ಅದನ್ನು ಮೂರು ರೀತಿ ಮಾಡಿ ನೋಡಿದೆ.

ಮೊದಲ ಮೂರು ಡ್ರಾಯರ್‌ಗೆ ಅಳತೆ ಟೇಪು, ಪೆನ್ಸಿಲ್ ಅಷ್ಟೇ. ಎರಡು ಸರಿ ಬಂದವು. ಮೂರನೆಯದರಲ್ಲಿ ಒಂದು ತೂತು 2 ಮಿ.ಮೀ. ಕೆಳಗೆ ಇಳಿಯಿತು. 4 ಮಿ.ಮೀ. ಸ್ಕ್ರೂಗೆ ನಾನು ಡ್ರಿಲ್‌ಗೆ 5 ಮಿ.ಮೀ. ಬಿಟ್ ಹಾಕಿದ್ದೆ. ಅಂದರೆ ಯಾವ ಕಡೆಗಾದರೂ ಅರ್ಧ ಮಿ.ಮೀ. ಮಾತ್ರ ಜರುಗಿಸಬಹುದು. ಹ್ಯಾಂಡಲ್ ಓರೆಯಾಗಿಯೇ ಕೂತಿತು. ಒಂದೇ ಡ್ರಾಯರ್ ಇದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಒಂದರ ಕೆಳಗೆ ಒಂದು ಇದ್ದಾಗ ಕಣ್ಣು ನೇರ ಅಲ್ಲಿಗೇ ಹೋಗುತ್ತದೆ. ಪ್ರತಿ ಸಲ ಹೊಸದಾಗಿ ಅಳೆದರೆ ಪ್ರತಿ ಸಲವೂ ತಪ್ಪಲು ಅವಕಾಶ ಇರುತ್ತದೆ ಅಲ್ವಾ?

ನಾಲ್ಕನೆಯದರಿಂದ ರಟ್ಟು ಹಿಡಿದೆ. ನನಗೆ ಬಹಳ ಇಷ್ಟವಾದದ್ದು ಇದೇ. ಗಟ್ಟಿ ರಟ್ಟನ್ನು ಆಯತವಾಗಿ ಕತ್ತರಿಸಿ, ಮೇಲಿನ ಅಂಚಿಗೆ ಒಂದು ಮರದ ಪಟ್ಟಿ ಅಂಟಿಸಿದೆ. ಆ ಪಟ್ಟಿ ಡ್ರಾಯರ್‌ನ ಮೇಲಂಚಿಗೆ ತಾಗಿ ನಿಲ್ಲುತ್ತದೆ, ಎತ್ತರ ತಾನಾಗಿ ಸಿಗುತ್ತದೆ. ನಡುವೆ ಒಂದು ಗೆರೆ. ತೂತಿನ ಅಂತರವನ್ನು ನಾನು ಅಳೆಯಲೇ ಇಲ್ಲ. ಹ್ಯಾಂಡಲ್‌ನ ಎರಡು ಕಾಲಿಗೂ ಇಂಕು ಸವರಿ ರಟ್ಟಿನ ಮೇಲೆ ಒತ್ತಿದೆ. ಹ್ಯಾಂಡಲ್ ತನ್ನ ಅಳತೆಯನ್ನು ತಾನೇ ಬರೆದುಕೊಟ್ಟಿತು. ಆಮೇಲೆ ಪ್ರತಿ ಡ್ರಾಯರ್‌ನ ನಡುಭಾಗ ಗುರುತು ಮಾಡಿ, ಗೆರೆಗೆ ಗೆರೆ ಕೂಡಿಸಿ, ಮೊಳೆಯಿಂದ ಚುಚ್ಚಿದರೆ ಮುಗಿಯಿತು. ಅಗಲ ಬೇರೆ ಬೇರೆ ಇದ್ದರೂ ಅದೇ ರಟ್ಟು ಸಾಕು. ಒಂದು ಕೊರತೆ ಇದೆ. ನಾಲ್ಕು ಡ್ರಾಯರ್ ಆಗುವಷ್ಟರಲ್ಲಿ ರಟ್ಟಿನ ತೂತು ಸಡಿಲವಾಯಿತು. ಜಾಸ್ತಿ ಡ್ರಾಯರ್ ಇದ್ದರೆ ತೆಳು ಪ್ಲೈವುಡ್‌ನಲ್ಲೇ ಮಾಡಿಕೊಳ್ಳಿ.

ಕೊನೆಯ ನಾಲ್ಕಕ್ಕೆ ಒಬ್ಬ ಪರಿಚಯದವರಿಂದ ಲೋಹದ ಜಿಗ್ ತಂದೆ, ಅಂದರೆ ತೂತಿನ ಜಾಗಕ್ಕೆ ಬಿಟ್ ಅನ್ನು ನಡೆಸುವ ಅಚ್ಚು. ಇದರಲ್ಲಿ ಉಕ್ಕಿನ ಕೊಳವೆಯ ಮೂಲಕ ಬಿಟ್ ಇಳಿಯುತ್ತದೆ. ಹಾಗಾಗಿ ತೂತು ಓರೆಯಾಗುವುದಿಲ್ಲ. ರಟ್ಟಿನಲ್ಲಿ ಈ ಸೌಕರ್ಯ ಇಲ್ಲ, ಡ್ರಿಲ್ ನೇರ ಹಿಡಿಯುವುದು ನಮ್ಮ ಕೈಯಲ್ಲೇ. ಆದರೆ ಜಿಗ್ ಹೊಂದಿಸುವಾಗ ತಪ್ಪಿದರೆ ಅದೇ ತಪ್ಪು ಎಲ್ಲದರಲ್ಲೂ ಬೀಳುತ್ತದೆ. ಮೊದಲು ಬೇಡದ ಮರದ ಚೂರಿನ ಮೇಲೆ ತೂತು ಹಾಕಿ, ಹ್ಯಾಂಡಲ್ ಕೂರಿಸಿ ನೋಡಲೇಬೇಕು. ಬರೀ ಐದಾರು ಡ್ರಾಯರ್‌ಗೆ ಅಂತ ಜಿಗ್ ಕೊಳ್ಳಬೇಡಿ. ಇಡೀ ಮನೆಯ ಕಪಾಟುಗಳಿದ್ದರೆ ಕಣ್ಣುಮುಚ್ಚಿ ಕೊಳ್ಳಿ.

ಯಾವ ದಾರಿ ಹಿಡಿದರೂ ತೂತು ಮುಂಭಾಗದಿಂದ ಹಾಕಿ, ಹಿಂದೆ ಒಂದು ಮರದ ಚೂರನ್ನು ಕ್ಲ್ಯಾಂಪ್‌ನಿಂದ ಬಿಗಿಯಿರಿ. ಇಲ್ಲವಾದರೆ ಬಿಟ್ ಹೊರಬರುವ ಜಾಗದಲ್ಲಿ ಲ್ಯಾಮಿನೇಟ್ ಸಿಡಿಯುತ್ತದೆ. ಸ್ಕ್ರೂ ಉದ್ದವನ್ನೂ ನೋಡಿ. ನನ್ನ ಡ್ರಾಯರ್‌ಗಳಲ್ಲಿ ಎರಡು ಹಲಗೆ, 18ಕ್ಕೆ 18 ಸೇರಿ 36 ಮಿ.ಮೀ. ಹ್ಯಾಂಡಲ್ ಜೊತೆ ಬಂದ 25 ಮಿ.ಮೀ. ಸ್ಕ್ರೂ ಆಚೆ ತುದಿಯನ್ನೂ ಮುಟ್ಟಲಿಲ್ಲ. 45ರದ್ದು ತಂದ ಮೇಲೆ ಬಿಗಿಯಾಯಿತು. ತೀರಾ ಉದ್ದದ್ದೂ ಬೇಡ. ಸ್ಕ್ರೂ ಹ್ಯಾಂಡಲ್‌ನೊಳಗೆ ತಳ ಮುಟ್ಟಿ ನಿಲ್ಲುತ್ತದೆ, ಹ್ಯಾಂಡಲ್ ಮಾತ್ರ ಅಲ್ಲಾಡುತ್ತಲೇ ಇರುತ್ತದೆ.

ಆ ಮೂರನೇ ಡ್ರಾಯರ್ ಕೂಡ ಸರಿಯಾಯಿತು. ಕೆಳಗಿಳಿದ ತೂತನ್ನು ದುಂಡನೆಯ ಅರದಿಂದ ಮೇಲಕ್ಕೆ ಉಜ್ಜಿ 2 ಮಿ.ಮೀ. ಹಿಗ್ಗಿಸಿದೆ. ಹಿಂದೆ ಸ್ಕ್ರೂಗೆ ವಾಷರ್ ಕೊಟ್ಟೆ. ಮುಂದೆ ಹ್ಯಾಂಡಲ್‌ನ ಕಾಲೇ ತೂತನ್ನು ಮುಚ್ಚಿಕೊಂಡಿತು.