ಕಂತು ಒಂದೇ, ತಿಂಗಳು ಬೇರೆ: ಮನೆ ಸಾಲದ ಮೂರು ದಾರಿಗಳ ಹೋಲಿಕೆ

ಹುಬ್ಬಳ್ಳಿ ನವನಗರದ ನಮ್ಮ ಮನೆಗಾಗಿ 2019ರ ಜೂನ್‌ನಲ್ಲಿ ಒಂದು ಗೃಹಸಾಲ ಕಂಪನಿಯಿಂದ 25 ಲಕ್ಷ ರೂಪಾಯಿ ಸಾಲ ಪಡೆದಿದ್ದೆ. ನಾಲ್ಕು ವರ್ಷಕ್ಕೂ ಹೆಚ್ಚು ಕಾಲ ಅಲ್ಲಿ ಕಂತು ಕಟ್ಟಿ, 2023ರ ಸೆಪ್ಟೆಂಬರ್‌ನಲ್ಲಿ ಅದನ್ನು ಒಂದು ಸರ್ಕಾರಿ ಬ್ಯಾಂಕಿಗೆ ವರ್ಗಾಯಿಸಿಕೊಂಡೆ. ಬ್ಯಾಡಗಿಯಲ್ಲಿ ಮೆಣಸಿನಕಾಯಿ ದಲಾಲಿ ಅಂಗಡಿ ನಡೆಸುವ ನನ್ನ ಹೆಂಡತಿಯ ತಮ್ಮ ಓವರ್‌ಡ್ರಾಫ್ಟ್ ಮಾದರಿಯ (ಹಣ ಹಾಕಿ, ಬೇಕಾದಾಗ ತೆಗೆಯಬಹುದಾದ) ಮನೆ ಸಾಲ ಪಡೆದಿದ್ದು, ಅದರ ಲೆಕ್ಕವನ್ನೂ ಪ್ರತಿ ವರ್ಷ ನಾನೇ ನೋಡಿಕೊಡುತ್ತೇನೆ. ಈ ಮೂರರಲ್ಲಿ ತಿಂಗಳ ಸಂಬಳದವನಾದ ನನಗೆ ಒಗ್ಗಿದ್ದು ಬ್ಯಾಂಕಿನ ಸಾದಾ, ರೆಪೊ ದರಕ್ಕೆ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ಬಡ್ಡಿ ದರಕ್ಕೆ) ಜೋಡಿಸಿದ ಸಾಲ. ಅದನ್ನು 2019ರಲ್ಲಿಯೇ ಆರಿಸಿಕೊಳ್ಳಬೇಕಿತ್ತು ಎಂಬ ನೋವು ಇನ್ನೂ ಉಳಿದಿದೆ.

ಮೊದಲು ಒಂದು ಲೆಕ್ಕ. 25 ಲಕ್ಷಕ್ಕೆ ಶೇ. 9ರ ಬಡ್ಡಿಯಂತೆ 20 ವರ್ಷಕ್ಕೆ ಕಂತು 22,493 ರೂಪಾಯಿ. ಮೊದಲ ಕಂತಿನಲ್ಲಿ 18,750 ರೂಪಾಯಿ ಬಡ್ಡಿಗೇ ಹೋಗಿ, ಅಸಲಿಗೆ ಸೇರುವುದು 3,743 ಮಾತ್ರ. ಐದು ವರ್ಷ ತಪ್ಪದೆ ಕಟ್ಟಿದರೆ ಸುಮಾರು ಹದಿಮೂರೂವರೆ ಲಕ್ಷ ಕೊಟ್ಟಂತಾಗುತ್ತದೆ, ಆದರೆ ಅಸಲು ಇಳಿದಿರುವುದು 2 ಲಕ್ಷ 82 ಸಾವಿರದಷ್ಟು. ಇಪ್ಪತ್ತು ವರ್ಷ ಮುಗಿಯುವ ಹೊತ್ತಿಗೆ ಒಟ್ಟು ಸುಮಾರು 54 ಲಕ್ಷ ಕಟ್ಟಿರುತ್ತೇವೆ. ಇದೇ ಸಾಲವನ್ನು 15 ವರ್ಷಕ್ಕೆ ಪಡೆದರೆ ಕಂತು 25,357 ಆಗುತ್ತದೆ, ಒಟ್ಟು ಬಡ್ಡಿ ಮಾತ್ರ 29 ಲಕ್ಷದಿಂದ 20 ಲಕ್ಷ 64 ಸಾವಿರಕ್ಕೆ ಇಳಿಯುತ್ತದೆ. ಸಾಲ ಪಡೆಯುವಾಗ ನಾವೆಲ್ಲರೂ ಕೇಳುವುದು ದರ ಎಷ್ಟು, ಕಂತು ಎಷ್ಟು ಎಂದು. ಮನೆ ನಿಜವಾಗಿ ಎಷ್ಟಕ್ಕೆ ಬಿತ್ತು ಎಂಬುದನ್ನು ತೀರ್ಮಾನಿಸುವುದು ಬಾಕಿ ಇರುವ ತಿಂಗಳುಗಳ ಸಂಖ್ಯೆ, ಮತ್ತು ನಾನು ನಾಲ್ಕು ವರ್ಷ ನೋಡದೆ ಬಿಟ್ಟದ್ದು ಅದನ್ನೇ.

ಗೃಹಸಾಲ ಕಂಪನಿಯನ್ನು ಆರಿಸಿಕೊಂಡದ್ದಕ್ಕೆ ಕಾರಣ ವೇಗ. ಬ್ಯಾಂಕಿನವರು ಬಿನ್‌ಶೇತ್ಕಿ (ಕೃಷಿಯೇತರ ಬಳಕೆಯ) ಆದೇಶ, ಸಿಟಿಎಸ್ ಉತಾರ (ನಗರ ಸರ್ವೆಯ ಆಸ್ತಿ ದಾಖಲೆ), ಮೂವತ್ತು ವರ್ಷದ ಋಣಭಾರ ಪತ್ರ ಎಂದು ಒಂದೊಂದೇ ಕಾಗದ ಕೇಳುತ್ತಿದ್ದರೆ, ಕಂಪನಿಯ ಪ್ರತಿನಿಧಿ ಮನೆಗೇ ಬಂದು ಹನ್ನೊಂದು ದಿನದಲ್ಲಿ ಮಂಜೂರಾತಿ ಪತ್ರ ಕೈಗಿತ್ತರು. ಮನೆ ಮಾರುವವರು ಅವಸರ ಮಾಡುತ್ತಿದ್ದರು. ಆ ಹೊತ್ತಿಗೆ ಅದು ಸರಿಯಾದ ಆಯ್ಕೆ ಎಂದೇ ಅನ್ನಿಸಿತ್ತು.

2020ರಲ್ಲಿ ರಿಸರ್ವ್ ಬ್ಯಾಂಕ್ ರೆಪೊ ದರವನ್ನು ಶೇ. 4ಕ್ಕೆ ಇಳಿಸಿತು. ಅದೇ ಕಂಪನಿ ಹೊಸ ಗ್ರಾಹಕರಿಗೆ ಕಡಿಮೆ ದರದಲ್ಲಿ ಸಾಲ ಕೊಡುತ್ತಿತ್ತು, ನನ್ನ ದರ ಮಾತ್ರ ಶೇ. 9ರಿಂದ ಕದಲಲಿಲ್ಲ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಬದಲಾಗುವ ಬಡ್ಡಿಯ ಹೊಸ ಮನೆ ಸಾಲಗಳನ್ನು ರೆಪೊದಂಥ ಹೊರಗಿನ ಮಾನದಂಡಕ್ಕೆ ಜೋಡಿಸಬೇಕೆಂದು ರಿಸರ್ವ್ ಬ್ಯಾಂಕ್ ಕಡ್ಡಾಯ ಮಾಡಿದೆ. ಆ ನಿಯಮ ಗೃಹಸಾಲ ಕಂಪನಿಗಳಿಗೆ ಅನ್ವಯಿಸುವುದಿಲ್ಲ, ಅವು ತಮ್ಮದೇ ಮೂಲ ದರವನ್ನು ಇಟ್ಟುಕೊಂಡಿರುತ್ತವೆ. ರೆಪೊ ಇಳಿದಾಗ ನಿಧಾನವಾಗಿದ್ದ ನನ್ನ ಕಂಪನಿ ಏರಿದಾಗ ಮಾತ್ರ ನಿಧಾನ ಮಾಡಲಿಲ್ಲ. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ ಶೇ. 4ರಿಂದ 6.50ಕ್ಕೆ ಏರಿತು, ನನ್ನ ದರ ಹಂತಹಂತವಾಗಿ ಶೇ. 10.5ಕ್ಕೆ ಮುಟ್ಟಿತು.

ಕಂತು ಮಾತ್ರ ಏರಲಿಲ್ಲ. ಪ್ರತಿ ತಿಂಗಳು 5ನೇ ತಾರೀಖು ಅದೇ 22,493 ರೂಪಾಯಿ ಖಾತೆಯಿಂದ ಕಡಿತವಾಗುತ್ತಿದ್ದುದರಿಂದ ಏನೂ ಬದಲಾಗಿಲ್ಲ ಎಂದುಕೊಂಡಿದ್ದೆ. 2023ರ ಮಾರ್ಚ್ ಕೊನೆಯಲ್ಲಿ ಆದಾಯ ತೆರಿಗೆಗೆಂದು ಬಡ್ಡಿ ಪ್ರಮಾಣಪತ್ರ ತರಲು ಶಾಖೆಗೆ ಹೋದಾಗ, ಅದರೊಂದಿಗೆ ಎರಡು ಹಾಳೆಯ ಲೆಕ್ಕಪತ್ರವನ್ನೂ ಕೊಟ್ಟರು. ಎರಡನೆಯ ಹಾಳೆಯ ಕೆಳಗೆ, ಸಣ್ಣ ಅಕ್ಷರದಲ್ಲಿ, ಬಾಕಿ ಕಂತುಗಳು 265 ಎಂದಿತ್ತು. 45 ಕಂತು ಕಟ್ಟಿದ್ದೆ. 240ರಲ್ಲಿ 45 ಕಳೆದರೆ 195 ಉಳಿಯಬೇಕು. ಮುದ್ರಣದ ತಪ್ಪಿರಬೇಕೆಂದು ಮೇಜಿನ ಆಚೆ ಕುಳಿತಿದ್ದ ಯುವಕನಿಗೆ ತೋರಿಸಿದೆ. "ತಪ್ಪೇನಿಲ್ಲರೀ ಸರ್, ದರ ಏರಿತಲ್ಲ, ಕಂತು ಏರಿಸಿಲ್ಲ, ಅವಧಿ ಏರಿಸೇವಿ. ನಿಮಗ ತೊಂದರಿ ಆಗಬಾರದು ಅಂತ" ಎಂದ.

ಆ ಹಾಳೆಯನ್ನು ಹಿಡಿದು ಹೊಸೂರಿನಿಂದ ಚಿಗರಿ ಬಸ್ ಹತ್ತಿದವನು ನವನಗರ ಬರುವವರೆಗೂ ಅದೇ ಲೆಕ್ಕವನ್ನು ಮತ್ತೆ ಮತ್ತೆ ಹಾಕಿದೆ. 70 ಕಂತು ಹೆಚ್ಚಾಗಿದ್ದವು. ಒಂದಕ್ಕೆ 22,493ರಂತೆ 15 ಲಕ್ಷ 74 ಸಾವಿರ. 2039ರ ಜೂನ್‌ಗೆ, ನನ್ನ 58ನೇ ವಯಸ್ಸಿಗೆ ತೀರಬೇಕಿದ್ದ ಸಾಲ 2045ರ ಏಪ್ರಿಲ್‌ಗೆ ಹೋಗಿತ್ತು. ನಾನು ನಿವೃತ್ತನಾಗುವುದು 60ಕ್ಕೆ. ನಿವೃತ್ತಿಯ ನಂತರದ ನಾಲ್ಕು ವರ್ಷಗಳ ಕಂತನ್ನು ಯಾವ ಹಣದಿಂದ ಕಟ್ಟುತ್ತೇನೆಂದು ಯಾರೂ ನನ್ನನ್ನು ಕೇಳಿರಲಿಲ್ಲ, ಒಂದು ಪತ್ರವನ್ನೂ ಕಳಿಸಿರಲಿಲ್ಲ. 2023ರ ಆಗಸ್ಟ್ 18ರ ಸುತ್ತೋಲೆಯಲ್ಲಿ ರಿಸರ್ವ್ ಬ್ಯಾಂಕ್, ದರ ಬದಲಾದಾಗ ಕಂತು ಏರಿಸಬೇಕೋ ಅವಧಿ ಬೆಳೆಸಬೇಕೋ ಎರಡನ್ನೂ ಬೆರೆಸಬೇಕೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕೆಂದು ಹೇಳಿತು. ಆ ಸುತ್ತೋಲೆ ಗೃಹಸಾಲ ಕಂಪನಿಗಳಿಗೂ ಅನ್ವಯಿಸುತ್ತದೆ. ನನ್ನ ಪಾಲಿಗೆ ಅದು ತಡವಾಗಿ ಬಂತು.

ಅದೇ ಹಾಳೆಗಳನ್ನು ಮನೆಯಲ್ಲಿ ಕುಳಿತು ಓದಿದಾಗ ಇನ್ನೊಂದು ಸಂಗತಿ ಕಂಡಿತು. ಮಂಜೂರಾದ 25 ಲಕ್ಷದಲ್ಲಿ 75 ಸಾವಿರ ರೂಪಾಯಿ ನಮ್ಮ ಕೈಗೆ ಬಂದಿರಲೇ ಇಲ್ಲ, ಸಾಲಕ್ಕೆ ಜೋಡಿಸಿದ ಜೀವವಿಮೆಯ ಒಂದೇ ಕಂತಿನ ಪ್ರೀಮಿಯಂ ಆಗಿ ಹೋಗಿತ್ತು. ಸಾಲದೊಳಗೇ ಸೇರಿದ್ದರಿಂದ ಅದಕ್ಕೂ ಇಪ್ಪತ್ತು ವರ್ಷ ಬಡ್ಡಿ. ಶೇ. 9ರಂತೆಯೇ ಲೆಕ್ಕ ಹಿಡಿದರೂ ಆ 75 ಸಾವಿರ ಕೊನೆಗೆ 1 ಲಕ್ಷ 62 ಸಾವಿರ ಆಗುತ್ತದೆ. ವಿಮೆ ಬೇಡವೆಂದು ನಾನು ಹೇಳುವುದಿಲ್ಲ, ಹೆಂಡತಿ ಮಕ್ಕಳ ತಲೆಯ ಮೇಲೆ ಸಾಲ ಉಳಿಯಬಾರದು. ಆದರೆ ಈ ಪಾಲಿಸಿಯ ರಕ್ಷಣೆ ಮೊದಲು ನಿಗದಿಯಾದ 20 ವರ್ಷದ ಪಟ್ಟಿಯಂತೆ ವರ್ಷವರ್ಷವೂ ಇಳಿಯುತ್ತ ಹೋಗುವಂಥದ್ದು. ಸಾಲದ ಅವಧಿ ಬೆಳೆದರೆ ವಿಮೆಯ ಅವಧಿ ಅದರೊಂದಿಗೆ ಬೆಳೆಯುವುದಿಲ್ಲ. ಕೊನೆಯ ಆರು ವರ್ಷ ಸಾಲ ಇರುತ್ತಿತ್ತು, ವಿಮೆ ಇರುತ್ತಿರಲಿಲ್ಲ. ಪ್ರತ್ಯೇಕವಾಗಿ ಒಂದು ಟರ್ಮ್ ಪಾಲಿಸಿ (ನಿಗದಿತ ಅವಧಿಯ ಜೀವವಿಮೆ) ಮಾಡಿಸಿ ವರ್ಷಕ್ಕೊಮ್ಮೆ ಪ್ರೀಮಿಯಂ ಕಟ್ಟುವುದೇ ಲೇಸು, ನಾನು ಈಗ ಹಾಗೆಯೇ ಮಾಡಿದ್ದೇನೆ.

ಕಂಪನಿಯಲ್ಲಿಯೇ ಉಳಿಯುವ ದಾರಿಯೂ ಒಂದಿತ್ತು. ಬಾಕಿ ಸಾಲದ ಶೇ. 0.5ರಷ್ಟು ಪರಿವರ್ತನಾ ಶುಲ್ಕ ಮತ್ತು ಅದರ ಮೇಲೆ ಜಿಎಸ್‌ಟಿ ಸೇರಿ 13,570 ರೂಪಾಯಿ ಕಟ್ಟಿದರೆ ದರವನ್ನು ಶೇ. 9.75ಕ್ಕೆ ಇಳಿಸುವುದಾಗಿ ಹೇಳಿದರು. ಆಗಲೂ 220 ಕಂತು ಉಳಿಯುತ್ತಿದ್ದವು. ಅದೇ ವಾರ ಬ್ಯಾಂಕಿನಲ್ಲಿ ವಿಚಾರಿಸಿದೆ: ದರ ಶೇ. 8.6, ಅಂದರೆ ಆಗಿನ ರೆಪೊ 6.50ರ ಮೇಲೆ 2.10. ಬಾಕಿ ಇದ್ದ 23 ಲಕ್ಷಕ್ಕೆ 22,500 ರೂಪಾಯಿ ಕಂತು ಇಟ್ಟರೆ 185 ತಿಂಗಳಲ್ಲಿ ತೀರುತ್ತದೆ. ಮಾರ್ಚ್ ನಂತರ ಆರು ಕಂತು ಕಟ್ಟಿದ್ದರಿಂದ ಕಂಪನಿಯಲ್ಲಿ ಆ ದಿನಕ್ಕೆ ಉಳಿದಿದ್ದುದು 259. ಕಿಸೆಯಿಂದ ಹೋಗುವ ಹಣದಲ್ಲಿ ಏಳು ರೂಪಾಯಿಯ ವ್ಯತ್ಯಾಸ, ತಿಂಗಳಲ್ಲಿ 74ರ ವ್ಯತ್ಯಾಸ.

ವರ್ಗಾವಣೆ ಸುಲಭವಾಗಿರಲಿಲ್ಲ. ಬದಲಾಗುವ ಬಡ್ಡಿಯ ಮನೆ ಸಾಲವನ್ನು ಅವಧಿಗೆ ಮುಂಚೆ ತೀರಿಸಿದರೆ ವ್ಯಕ್ತಿಗಳಿಂದ ದಂಡ ಪಡೆಯುವಂತಿಲ್ಲವಾದ್ದರಿಂದ ಆ ಖರ್ಚು ಬರಲಿಲ್ಲ. ಬ್ಯಾಂಕಿನ ಪ್ರಕ್ರಿಯಾ ಶುಲ್ಕ, ವಕೀಲರ ಅಭಿಪ್ರಾಯ, ಮೌಲ್ಯಮಾಪನ, ಹಕ್ಕುಪತ್ರ ಠೇವಣಿಯ ನೋಂದಣಿ, ಹಳೆಯ ಬೋಜಾ (ಆಸ್ತಿ ದಾಖಲೆಯಲ್ಲಿನ ಸಾಲದ ನಮೂದು) ಕಡಿಮೆ ಮಾಡಿಸಿದ್ದು ಎಲ್ಲ ಸೇರಿ 24,300 ರೂಪಾಯಿ ಆಯಿತು. ತೊಂದರೆ ಕೊಟ್ಟದ್ದು ಮೂಲ ಕಾಗದಗಳು. ನಾವು ಕೊಟ್ಟ ಖರೀದಿ ಪತ್ರ ಬೇರೊಂದು ರಾಜ್ಯದ ಗೋದಾಮಿನಲ್ಲಿತ್ತು, ಅದು ಹುಬ್ಬಳ್ಳಿಗೆ ಬರಲು 47 ದಿನ ಹಿಡಿಯಿತು. ಕಾಗದ ಕೈಸೇರುವವರೆಗೆ ಹೊಸ ಬ್ಯಾಂಕ್ ಶೇ. 1ರಷ್ಟು ಹೆಚ್ಚುವರಿ ಬಡ್ಡಿ ಹಾಕಿತು, ಸುಮಾರು ಮೂರು ಸಾವಿರ ರೂಪಾಯಿ. 2023ರ ಡಿಸೆಂಬರ್ 1ರಿಂದ ನಿಯಮ ಬಿಗಿಯಾಗಿದ್ದು, ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ದಾಖಲೆಗಳನ್ನು ಹಿಂತಿರುಗಿಸದಿದ್ದರೆ, ತಪ್ಪು ಸಾಲ ಕೊಟ್ಟವರದಾದಲ್ಲಿ, ಅವರು ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು. ಈಗ ವರ್ಗಾಯಿಸುವವರು ಸಾಲ ತೀರಿಸಿದ ದಿನಾಂಕವಿರುವ ರಸೀದಿಯನ್ನು ಜೋಪಾನವಾಗಿ ಇಟ್ಟುಕೊಳ್ಳಬೇಕು.

ಹೊಸ ಸಾಲ ಪಡೆಯುವವರಿಗೆ ಇನ್ನೂ ಒಂದು ಅನುಕೂಲವಿದೆ. 2024ರ ಅಕ್ಟೋಬರ್ 1ರಿಂದ ಪ್ರತಿ ಹೊಸ ಮನೆ ಸಾಲಕ್ಕೂ ಮುಖ್ಯಾಂಶಗಳ ಪತ್ರ ಕೊಡುವುದು ಕಡ್ಡಾಯ. ಅದರಲ್ಲಿ ಕಾಣಿಸುವ ವಾರ್ಷಿಕ ಒಟ್ಟು ದರದಲ್ಲಿ ಬಡ್ಡಿಯ ಜೊತೆಗೆ ಶುಲ್ಕಗಳು, ಸಾಲ ಕೊಡುವವರೇ ವಸೂಲು ಮಾಡುವ ವಿಮೆಯ ಪ್ರೀಮಿಯಂ ಕೂಡ ಸೇರಿರುತ್ತವೆ. ಇಬ್ಬರ ಪತ್ರಗಳನ್ನು ಅಕ್ಕಪಕ್ಕ ಇಟ್ಟು ಆ ಒಂದು ದರವನ್ನು ಹೋಲಿಸಬೇಕು.

ಬ್ಯಾಂಕಿನ ಸಾಲದ ಗುಣ ತಿಳಿದದ್ದು 2025ರಲ್ಲಿ. ಫೆಬ್ರವರಿಯಿಂದ ಜೂನ್‌ವರೆಗೆ ರೆಪೊ ಶೇ. 6.50ರಿಂದ 5.50ಕ್ಕೆ ಇಳಿಯಿತು. ಮೂರು ತಿಂಗಳಿಗೊಮ್ಮೆಯಾದರೂ ದರ ಪರಿಷ್ಕರಿಸಬೇಕಾದ್ದರಿಂದ, ಜುಲೈ ಹೊತ್ತಿಗೆ ನನ್ನ ದರವೂ ಒಂದು ಶೇಕಡಾ ಇಳಿದು 7.6 ಆಯಿತು. ಯಾರನ್ನೂ ಕೇಳಬೇಕಾಗಲಿಲ್ಲ, ಶುಲ್ಕ ಕಟ್ಟಬೇಕಾಗಲಿಲ್ಲ. ಆದರೆ ಕಂತನ್ನು 21,324ಕ್ಕೆ ಇಳಿಸಿರುವುದಾಗಿ ಸಂದೇಶ ಬಂತು. ತಿಂಗಳಿಗೆ ಸುಮಾರು 1,200 ರೂಪಾಯಿ ಉಳಿತಾಯವೆಂದು ಸುಮ್ಮನಿರಬಹುದಿತ್ತು. ಮರುದಿನವೇ ಶಾಖೆಗೆ ಹೋಗಿ, ಕಂತನ್ನು 22,500ರಲ್ಲಿಯೇ ಇಟ್ಟು ಅವಧಿಯನ್ನು ಇಳಿಸಿರೆಂದು ಬರೆದುಕೊಟ್ಟೆ. 155 ಇದ್ದ ಬಾಕಿ ತಿಂಗಳು 142 ಆಯಿತು, ಕೊನೆಯವರೆಗೆ ಕಟ್ಟುವ ಒಟ್ಟು ಹಣದಲ್ಲಿ ಒಂದು ಲಕ್ಷಕ್ಕಿಂತ ಹೆಚ್ಚು ಕಡಿಮೆಯಾಯಿತು. ಒಂದು ಅರ್ಜಿಯ ಕೆಲಸ ಅದು. ಇದಕ್ಕೂ ಮೊದಲು, 2024ರ ಏಪ್ರಿಲ್‌ನಲ್ಲಿ, ಕೂಡಿಟ್ಟಿದ್ದ 50 ಸಾವಿರವನ್ನು ಅಸಲಿಗೆ ಕಟ್ಟಿದ್ದರಿಂದ ಸುಮಾರು ಎಂಟು ಕಂತು ಕಡಿಮೆಯಾಗಿದ್ದವು. ಸಾಲದ ಮೊದಲ ವರ್ಷಗಳಲ್ಲಿ ಕಟ್ಟುವ ಇಂಥ ಸಣ್ಣ ಮೊತ್ತಕ್ಕೆ ಇರುವ ಬಲ ಕೊನೆಯ ವರ್ಷಗಳಲ್ಲಿ ಇರುವುದಿಲ್ಲ.

ಸಾಲವಿದ್ದರೆ ತೆರಿಗೆ ಉಳಿಯುತ್ತದೆ, ಬೇಗ ತೀರಿಸಬೇಡ ಎಂದು ಸಹೋದ್ಯೋಗಿಗಳು ಹೇಳುವುದುಂಟು. ಹಳೆಯ ತೆರಿಗೆ ಪದ್ಧತಿಯಲ್ಲಿ, ಸ್ವಂತ ವಾಸದ ಮನೆಗೆ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಗೆ ವಿನಾಯಿತಿ ಇದೆ. ಶೇ. 20ರ ಹಂತದವರಿಗೆ ಉಪಕರ ಸೇರಿ 41,600 ರೂಪಾಯಿ ಉಳಿಯುತ್ತದೆ, ಅದಕ್ಕಾಗಿ 2 ಲಕ್ಷ ಬಡ್ಡಿ ಕೊಟ್ಟಿರಬೇಕು. ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಆ ವಿನಾಯಿತಿಯೇ ಇಲ್ಲ.

ಇನ್ನು ಓವರ್‌ಡ್ರಾಫ್ಟ್ ಮಾದರಿ. ಇದರಲ್ಲಿ ಕೈಯಲ್ಲಿರುವ ಹಣವನ್ನು ಸಾಲದ ಖಾತೆಗೆ ಹಾಕಿದರೆ ಅಷ್ಟು ದಿನ ಅಷ್ಟು ಹಣದ ಮೇಲೆ ಬಡ್ಡಿ ಬೀಳುವುದಿಲ್ಲ, ಬೇಕಾದಾಗ ಹಿಂದೆ ತೆಗೆಯಬಹುದು. ದರ ಸಾದಾ ಸಾಲಕ್ಕಿಂತ ಸ್ವಲ್ಪ ಹೆಚ್ಚು. ಭಾವಮೈದುನನದು ಶೇ. 8.85 ಇತ್ತು. ಮೆಣಸಿನಕಾಯಿ ಹಂಗಾಮಿನಲ್ಲಿ ಬಂದ ಹಣದಲ್ಲಿ 5 ಲಕ್ಷವನ್ನು ನಾಲ್ಕು ತಿಂಗಳು ಅಲ್ಲಿ ಇಟ್ಟದ್ದಕ್ಕೆ ಅವನಿಗೆ 14,750 ರೂಪಾಯಿ ಬಡ್ಡಿ ಉಳಿಯಿತು. "ಮಾಮಾ, ರೊಕ್ಕ ಸುಮ್ಮ ಕುಂದ್ರೂದಿಲ್ಲರೀ, ರಾತ್ರಿನೂ ದುಡೀತೈತಿ" ಎನ್ನುತ್ತಾನೆ. ಅವನ ವ್ಯಾಪಾರಕ್ಕೆ ಇದಕ್ಕಿಂತ ಒಳ್ಳೆಯ ಸಾಲ ಇಲ್ಲ. ನನ್ನ ಸ್ಥಿತಿ ಬೇರೆ. ತಿಂಗಳ ಕೊನೆಗೆ ಉಳಿಯುವುದು ನಾಲ್ಕೈದು ಸಾವಿರ, ಅದರ ಮೇಲೆ ಉಳಿಯುವ ಬಡ್ಡಿಗಿಂತ ದರದ ವ್ಯತ್ಯಾಸವೇ ಹೆಚ್ಚು ತಿನ್ನುತ್ತದೆ. ಕೈಗೆಟಕುವ ಹಣ ನಮ್ಮ ಮನೆಯಲ್ಲಿ ನಿಲ್ಲುವುದೂ ಇಲ್ಲ, ಮದುವೆ, ಮುಂಜಿ, ಆಸ್ಪತ್ರೆ ಎಂದು ಯಾರಾದರೂ ಕೇಳಿದರೆ ಇಲ್ಲ ಎನ್ನಲು ನನ್ನಿಂದ ಆಗುವುದಿಲ್ಲ. ಅಸಲಿಗೆ ಕಟ್ಟಿಬಿಟ್ಟ ಹಣವನ್ನು ಯಾರೂ ಕೇಳುವುದಿಲ್ಲ.

ಮೊನ್ನೆ ನಮ್ಮ ಶಾಲೆಯ ಹಿರಿಯ ಶಿಕ್ಷಕರೊಬ್ಬರು ತಮ್ಮ ಲೆಕ್ಕಪತ್ರ ತಂದು, ತಾವೂ ವರ್ಗಾಯಿಸಬೇಕೇ ಎಂದು ಕೇಳಿದರು. ಅವರ ದರವೂ ಹೆಚ್ಚೇ ಇತ್ತು, ಆದರೆ ಉಳಿದಿದ್ದುದು 41 ಕಂತು, ಬಡ್ಡಿಯ ಬಹುಪಾಲನ್ನು ಆಗಲೇ ಕೊಟ್ಟು ಮುಗಿಸಿದ್ದರು. ವಕೀಲರಿಗೂ ನೋಂದಣಿಗೂ ಕೊಡುವ ಇಪ್ಪತ್ತು ಸಾವಿರವನ್ನು ಅಸಲಿಗೇ ಕಟ್ಟಿಬಿಡಿ ಸರ್, ವರ್ಗಾವಣೆ ಬೇಡ ಎಂದೆ.