ಶಿವರಾತ್ರಿಗೆ ಗೆಣಸು ಕುದಿಸುವ ಮುಂಚೆ: ಹೂಕುಂಡದ ಗಡ್ಡೆ ತಿನ್ನಬೇಡಿ

ಬೆಳಗಾವಿಯ ಒಂದು ಮನೆಯಲ್ಲಿ ಶಿವರಾತ್ರಿ ಉಪವಾಸಕ್ಕೆ ಸಂತೆಯ ಗೆಣಸಿನ ಜೊತೆ ಮಾಳಿಗೆ ಮೇಲಿನ ಕುಂಡದಿಂದ ಕಿತ್ತ ಗಡ್ಡೆಗಳನ್ನೂ ಕುಕ್ಕರಿಗೆ ಹಾಕಿದರು. ಬಳ್ಳಿ ಒಣಗಿ ಹೋಗಿತ್ತು, ಯಾವುದೆಂದು ಗುರುತು ಸಿಗಲಿಲ್ಲ. ಅದು ಅಗ್ನಿಶಿಖೆ, ಇಲ್ಲಿಯ ಮರಾಠಿ ಮನೆಗಳಲ್ಲಿ ಕಳಲಾವಿ ಅನ್ನುತ್ತಾರೆ. ತಿಂದ ನಾಲ್ಕೈದು ತಾಸಿಗೆ ವಾಂತಿ-ಭೇದಿ ಹಿಡಿಯಿತು. ಮರುದಿನ ತುಸು ಕಡಿಮೆಯಾಯಿತೆಂದು ಮನೆಯಲ್ಲೇ ಉಳಿದರು. ಮೂರನೇ ದಿನ ಬಿಳಿ ರಕ್ತಕಣ, ಪ್ಲೇಟ್‌ಲೆಟ್ ಎರಡೂ ಕುಸಿದಿದ್ದವು. ಜೀವ ಉಳಿಯಿತು, ಆದರೆ ಎರಡು ವಾರದೊಳಗೆ ತಲೆಗೂದಲು ಕೈಗೆ ಕೈಗೆ ಬಂತು.

ಇದರಲ್ಲಿರುವ ವಿಷ ಕೊಲ್ಚಿಸಿನ್. ಜೀವಕೋಶ ಒಡೆದು ಎರಡಾಗುವುದನ್ನೇ ಅದು ತಡೆಯುತ್ತದೆ. ಅದಕ್ಕೇ ಮೊದಲು ಕರುಳು, ಆಮೇಲೆ ರಕ್ತಕಣ ಹುಟ್ಟುವ ಎಲುಬಿನ ಮಜ್ಜೆ, ಕೊನೆಗೆ ಕೂದಲ ಬೇರು ಕೆಡುತ್ತವೆ. ಕುದಿಸಿ ನೀರು ಬಸಿದರೂ ಸುಟ್ಟರೂ ವಿಷ ಹೋಗುವುದಿಲ್ಲ. ಕೀಲು ಊದಿ ನೋಯುವ ಗೌಟ್ ರೋಗಕ್ಕೆ ಕೊಡುವ ಗುಳಿಗೆಯಲ್ಲಿ ಇದೇ ಕೊಲ್ಚಿಸಿನ್ ಬರೇ ಅರ್ಧ ಮಿಲಿಗ್ರಾಂ ಇರುತ್ತದೆ. ಒಂದು ಗಡ್ಡೆಯಲ್ಲಿ ಅದರ ಹತ್ತಾರು ಪಟ್ಟು.

ಅಗ್ನಿಶಿಖೆ ಗಡ್ಡೆ ಬೆರಳಿನಷ್ಟು ದಪ್ಪ, ಕಂದು ಸಿಪ್ಪೆ, ಬಹಳ ಸಲ ಕವಣೆಯ ಕವಲಿನಂತೆ ಎರಡಾಗಿ ಒಡೆದಿರುತ್ತದೆ. ಗೆಣಸು ನಡುವೆ ದಪ್ಪ, ಎರಡೂ ತುದಿ ಸಣ್ಣ. ಹಸಿಯಾಗಿ ಕೊಯ್ದರೆ ಹಾಲಿನಂಥ ಅಂಟು ಒಸರುತ್ತದೆ. ಆದರೂ ಗಡ್ಡೆ ನೋಡಿ ತೀರ್ಮಾನಿಸಬೇಡಿ, ನಾಲಿಗೆಗೆ ಹಚ್ಚಿ ನೋಡುವುದಂತೂ ಬೇಡವೇ ಬೇಡ. ಮಳೆಗಾಲದಲ್ಲಿ ಬಳ್ಳಿ ಹಸಿರಿದ್ದಾಗಲೇ ಎಲೆ ನೋಡಿ: ತುದಿ ಸುರುಳಿಯಾಗಿ ಆಸರೆಗೆ ಸುತ್ತಿಕೊಂಡಿದ್ದರೆ ಅಗ್ನಿಶಿಖೆ. ಆಗಲೇ ಕುಂಡದ ಮೇಲೆ ಹೆಸರು ಬರೆದಿಡಿ.

ಕೆಸುವಿನ ಜಾತಿಯ ಅಂದದ ಗಿಡವಾದ ಕೆಲಾಡಿಯಂನ ಗಡ್ಡೆ ಬಾಯಿಗಿಟ್ಟ ತಕ್ಷಣ ಗಂಟಲು ಚುಚ್ಚುತ್ತದೆ, ಹಾಗಾಗಿ ಜನ ಉಗುಳಿಬಿಡುತ್ತಾರೆ. ಡೇಲಿಯಾ ಗಡ್ಡೆ, ಅಂದಕ್ಕೆ ಬೆಳೆಸುವ ಬಣ್ಣದ ಎಲೆಯ ಗೆಣಸು ಸ್ವತಃ ವಿಷವಲ್ಲ. ಆದರೆ ನರ್ಸರಿ ಗಿಡಕ್ಕೆ ಹಾಕುವ ಅಂತರ್ವ್ಯಾಪಿ (ಗಿಡದೊಳಗೆಲ್ಲ ಹರಡುವ) ಕೀಟನಾಶಕ ಗಡ್ಡೆಯಲ್ಲೂ ಉಳಿದಿರಬಹುದು. ಅವೂ ಬೇಡ.

ಯಾರಾದರೂ ತಿಂದಿದ್ದರೆ ವಾಂತಿ ಬರಲೆಂದು ಕಾಯಬೇಡಿ, ಉಪ್ಪುನೀರು ಕುಡಿಸಬೇಡಿ. 108ಕ್ಕೆ ಕರೆ ಮಾಡಿ. ಉಳಿದ ಗಡ್ಡೆಯನ್ನು, ಬೇಯಿಸಿದ ಚೂರಾದರೂ ಸರಿ, ಚೀಲದಲ್ಲಿ ಹಾಕಿಕೊಂಡು ಹೋಗಿ. ಹೊಟ್ಟೆ ತೊಳಸುವುದು ನಿಂತಿತೆಂದು ಮನೆಗೆ ಬರಬೇಡಿ, ಕನಿಷ್ಠ ಒಂದು ವಾರ ರಕ್ತಕಣಗಳ ಎಣಿಕೆ ಮಾಡಿಸುತ್ತಿರಿ. ವೈದ್ಯರಿಗೆ ಸಲಹೆ ಬೇಕಾದರೆ ದಿಲ್ಲಿ ಏಮ್ಸ್‌ನ ವಿಷ ಮಾಹಿತಿ ಕೇಂದ್ರದ ಉಚಿತ ಸಂಖ್ಯೆ 1800 116 117.